ಮ್ಯೂನಿಕ್‌ನಿಂದ ಮಲಾಡಿಗೆ: ಯೋಸೆಫ್ ವಿರ್ಶಿಂಗ್ ಅವರ ಬೆಳಕಿನ ರೀತಿ ಕುರಿತು ಒಂದು ಟಿಪ್ಪಣಿ

ಯೋಸೆಫ್ ವಿರ್ಶಿಂಗ್ (1903–1967) ಅವರ ಹೆಸರು ಬಂದಲ್ಲೆಲ್ಲ ಅದರ ಬೆನ್ನಿಗೇ ಒಂದು ಮಾತು ಬರುತ್ತದೆ: ಜರ್ಮನಿಯ ಅಭಿವ್ಯಕ್ತಿವಾದವನ್ನು, ಅಂದರೆ ಎಕ್ಸ್‌ಪ್ರೆಷನಿಸಂ ಅನ್ನು, ಬೊಂಬಾಯಿಯ ಸಿನಿಮಾಕ್ಕೆ ತಂದವರು ಇವರು ಎಂದು. ಸಾಕ್ಷಿಯಾಗಿ 1949ರ 'ಮಹಲ್' ಚಿತ್ರದ ಕತ್ತಲ ಹಜಾರಗಳನ್ನು ತೋರಿಸಲಾಗುತ್ತದೆ. ಛಾಯಾಗ್ರಾಹಕ ಜರ್ಮನ್, ಚಿತ್ರದ ತುಂಬ ನೆರಳು. ಎರಡನ್ನೂ ಕೂಡಿಸಿದರೆ ಉತ್ತರ ಸಿಕ್ಕಿತು ಎಂಬ ಭಾವನೆ. ಆ ಮಾತನ್ನು ಅವರ ಚಿತ್ರಗಳ ಎದುರಿಗಿಟ್ಟು ನೋಡುವುದು ಈ ಟಿಪ್ಪಣಿಯ ಉದ್ದೇಶ. ನನ್ನ ವಾದ ಇಷ್ಟು: ವಿರ್ಶಿಂಗ್ ಅವರ ಕೆಲಸದ ತಿರುಳನ್ನು ನೆರಳಿನಲ್ಲಿ ಹುಡುಕಬಾರದು, ಮನುಷ್ಯನ ಮುಖದ ಮೇಲೆ ಅವರು ಬೀಳಿಸಿದ ಬೆಳಕಿನಲ್ಲಿ ಹುಡುಕಬೇಕು. ಆ ಬೆಳಕಿನ ಮೊದಲ ದೊಡ್ಡ ಪಾಠ ಅವರಿಗೆ ಆದದ್ದು ಹಿಂದುಸ್ತಾನದ ಬಿಸಿಲಿನಲ್ಲಿ. ನೆರಳು ಬಂದದ್ದು ತಡವಾಗಿ, ಒಂದು ಕಥೆ ಅದನ್ನು ಕೇಳಿದ್ದರಿಂದ.

ಮೊದಲು ಊರಿನ ಪ್ರಶ್ನೆ. ವಿರ್ಶಿಂಗ್ ಹುಟ್ಟಿ ಬೆಳೆದದ್ದು ಬವೇರಿಯಾ ಪ್ರಾಂತದ ಮ್ಯೂನಿಕ್‌ನಲ್ಲಿ. ನಾವು ಅಭಿವ್ಯಕ್ತಿವಾದದ ಸಿನಿಮಾ ಎಂದು ಕರೆಯುವುದು ಬಹುಮಟ್ಟಿಗೆ ಬರ್ಲಿನ್ನಿನ ಬೆಳೆ. 1920ರಲ್ಲಿ ತೆರೆಕಂಡ 'ಡಾಕ್ಟರ್ ಕ್ಯಾಲಿಗರಿ' ಚಿತ್ರವನ್ನು ಬರ್ಲಿನ್ನಿನ ವೈಸೆನ್‌ಸೇ ಬಡಾವಣೆಯ ಸ್ಟುಡಿಯೋದಲ್ಲಿ ತೆಗೆದರು. ಅಲ್ಲಿ ವಾರೆ ಗೋಡೆಗಳ ಮೇಲೆ ನೆರಳನ್ನು ಬಣ್ಣದಿಂದಲೇ ಬರೆದಿದ್ದರು. ಆಮೇಲಿನ ದೊಡ್ಡ ಪ್ರಯೋಗಗಳು ಬರ್ಲಿನ್ನಿಗೆ ಹತ್ತಿರದ ಬಾಬೆಲ್ಸ್‌ಬರ್ಗ್‌ನಲ್ಲಿ, ಊಫಾ ಕಂಪನಿಯ ಹಣದಲ್ಲಿ ನಡೆದವು. ಛಾಯಾಗ್ರಾಹಕ ಕಾರ್ಲ್ ಫ್ರಾಯ್ಂಡ್ ಕ್ಯಾಮೆರಾವನ್ನು ಅದರ ಕಾಲುಗಳಿಂದ ಬಿಡಿಸಿ ಓಡಾಡಿಸಿದ, ನಿರ್ದೇಶಕ ಮುರ್ನೋ ಅವರ 1924ರ ಚಿತ್ರವೂ ಆ ಸಾಲಿನದು. ವಿರ್ಶಿಂಗ್ 1923ರ ಸುಮಾರಿಗೆ ಸೇರಿದ ಎಮೆಲ್ಕಾ ಸ್ಟುಡಿಯೋ ಇವೆಲ್ಲಕ್ಕಿಂತ ದೂರದಲ್ಲಿತ್ತು. ದೂರ ಎಂದರೆ ನಕಾಶೆಯ ಲೆಕ್ಕದಲ್ಲಿ ಮಾತ್ರ ಅಲ್ಲ, ರುಚಿಯ ಲೆಕ್ಕದಲ್ಲಿಯೂ.

ಎಮೆಲ್ಕಾವನ್ನು ಕಟ್ಟಿದವರು ಪೀಟರ್ ಓಸ್ಟರ್‌ಮಾಯರ್. ಮ್ಯೂನಿಕ್ ಹೊರವಲಯದ ಗೈಸೆಲ್‌ಗಾಸ್ಟೈಗ್‌ನಲ್ಲಿ ಅದರ ಸ್ಟುಡಿಯೋ. ಸುತ್ತ ಕಾಡು, ಸ್ವಲ್ಪ ದೂರ ಹೋದರೆ ಆಲ್ಪ್ಸ್ ಬೆಟ್ಟಗಳು. ಇಂಥ ಜಾಗದಲ್ಲಿ ಹಳ್ಳಿಯ ಬದುಕು, ಬೆಟ್ಟಗಾಡಿನ ಜನ, ಊರಿನ ಜಗಳ ಮತ್ತು ಮದುವೆಗಳ ಕಥೆಗಳು ಹೆಚ್ಚಾಗಿ ಚಿತ್ರಗಳಾದದ್ದು ಸಹಜ. ಪೀಟರ್ ಅವರ ಅಣ್ಣ ಫ್ರಾಂಟ್ಸ್ ಇಂಥ ಚಿತ್ರಗಳಲ್ಲಿ ಪಳಗಿದ ನಿರ್ದೇಶಕ. ಫ್ರಾಂಟ್ಸ್ ಓಸ್ಟೆನ್ ಎಂದು ಹೆಸರು ಬದಲಿಸಿಕೊಂಡಿದ್ದರು. ಇದೇ ಸ್ಟುಡಿಯೋದಲ್ಲಿ 1925ರಲ್ಲಿ ಇಂಗ್ಲೆಂಡಿನಿಂದ ಬಂದ ಆಲ್ಫ್ರೆಡ್ ಹಿಚ್‌ಕಾಕ್ ತಮ್ಮ ಮೊದಲ ಪೂರ್ಣ ಚಿತ್ರವನ್ನು ಮಾಡಿದರು. ಹಿಚ್‌ಕಾಕ್ ಮ್ಯೂನಿಕ್‌ಗೆ ಬಂದ ವರ್ಷವೇ ಇಪ್ಪತ್ತೆರಡರ ಹರೆಯದ ವಿರ್ಶಿಂಗ್ ಮ್ಯೂನಿಕ್‌ನಿಂದ ಹಿಂದುಸ್ತಾನಕ್ಕೆ ಹೊರಟರು.

ಹೊರಟದ್ದು 'ಪ್ರೇಮ್ ಸನ್ಯಾಸ್' ಚಿತ್ರಕ್ಕಾಗಿ. ಯೂರೋಪಿನಲ್ಲಿ ಅದು 'ದಿ ಲೈಟ್ ಆಫ್ ಏಷ್ಯಾ' ಎಂದು ತೆರೆಕಂಡಿತು. ಎಡ್ವಿನ್ ಆರ್ನಲ್ಡ್ ಬರೆದ ಬುದ್ಧಕಾವ್ಯ ಅದರ ಆಧಾರ, ಚಿತ್ರಕಥೆ ನಿರಂಜನ ಪಾಲ್ ಅವರದು. ನಿರ್ಮಾಪಕ ಹಿಮಾಂಶು ರಾಯ್ ಅವರೇ ಗೌತಮ, ಅವನ ಹೆಂಡತಿ ಗೋಪೆಯ ಪಾತ್ರದಲ್ಲಿ ಸೀತಾದೇವಿ ಎಂಬ ತೆರೆಹೆಸರಿನ ಆಂಗ್ಲೋ ಇಂಡಿಯನ್ ಹುಡುಗಿ. ನಿರ್ದೇಶಕ ಓಸ್ಟೆನ್, ಕ್ಯಾಮೆರಾ ಇಬ್ಬರದು: ವಿಲ್ಲಿ ಕೀರ್ಮಾಯರ್ ಮತ್ತು ವಿರ್ಶಿಂಗ್. ತಂತ್ರಜ್ಞರು ಮತ್ತು ಸಲಕರಣೆ ಎಮೆಲ್ಕಾದ ಪಾಲು; ಹಣ, ನಟರು, ಚಿತ್ರೀಕರಣದ ಜಾಗ ಹಿಂದುಸ್ತಾನದ ಪಾಲು. ಜೈಪುರದ ಮಹಾರಾಜರು ಆನೆ, ಕುದುರೆ, ಅರಮನೆಗಳನ್ನು ಬಿಟ್ಟುಕೊಟ್ಟರು. ಸ್ಟುಡಿಯೋ ಸೆಟ್, ಕೃತಕ ದೀಪ, ಪ್ರಸಾಧನ ಯಾವುದೂ ಇಲ್ಲದೆ ಈ ಚಿತ್ರ ತೆಗೆದಿದೆ ಎಂಬ ಘೋಷಣೆ ಚಿತ್ರದ ಆರಂಭದಲ್ಲೇ ಬರುತ್ತದೆ. ನನ್ನ ದೃಷ್ಟಿಯಲ್ಲಿ ವಿರ್ಶಿಂಗ್ ಅವರ ವೃತ್ತಿಯನ್ನು ಅರ್ಥ ಮಾಡಿಕೊಳ್ಳಲು ಇರುವ ಮುಖ್ಯ ಕೀಲಿ ಇದು. ಜಾಹೀರಾತಿನ ಮಾತು ಎಂದು ದಾಟಿ ಹೋಗುವುದು ತಪ್ಪಾಗುತ್ತದೆ.

ಯಾಕೆಂದರೆ ದೀಪವಿಲ್ಲದೆ ಚಿತ್ರ ತೆಗೆಯುವುದು ಅಂದಿನ ಫಿಲ್ಮಿನಲ್ಲಿ ಏನೇನು ಕಷ್ಟ ಒಡ್ಡುತ್ತಿತ್ತು ಎಂಬುದನ್ನು ಯೋಚಿಸಬೇಕು. ಆಗ ಬಹುಪಾಲು ಬಳಕೆಯಲ್ಲಿದ್ದ ಆರ್ಥೋಕ್ರೊಮ್ಯಾಟಿಕ್ ಫಿಲ್ಮಿಗೆ ಕೆಂಪು ಬಣ್ಣ ಕಾಣದು, ನೀಲಿ ಅತಿಯಾಗಿ ಕಾಣುತ್ತದೆ. ಹಾಗಾಗಿ ನೀಲಿ ಆಕಾಶ ಬಿಳುಪಾಗಿ ಕರಗಿಹೋಗುತ್ತದೆ, ಕಂದು ಮೈಬಣ್ಣ ಇರುವುದಕ್ಕಿಂತ ಕಪ್ಪಾಗುತ್ತದೆ. ಇದರ ಮೇಲೆ ರಾಜಸ್ಥಾನದ ಬಿಸಿಲು. ನಡುಹಗಲಿನಲ್ಲಿ ಸೂರ್ಯ ನೆತ್ತಿಯ ಮೇಲಿದ್ದಾಗ ಹುಬ್ಬಿನ ನೆರಳು ಕಣ್ಣಿನ ಗುಳಿಯಲ್ಲಿ ಬೀಳುತ್ತದೆ, ಮೂಗಿನ ನೆರಳು ತುಟಿಯ ಮೇಲೆ. ಹಿನ್ನೆಲೆಯಲ್ಲಿ ಸುಣ್ಣದ ಗೋಡೆ ಉರಿಯುತ್ತಿರುತ್ತದೆ. ಗೋಡೆಯನ್ನು ಉಳಿಸಿಕೊಂಡರೆ ಮುಖ ಹೋಯಿತು, ಮುಖವನ್ನು ಉಳಿಸಿಕೊಂಡರೆ ಗೋಡೆ ಹೋಯಿತು. ಜರ್ಮನಿಯ ಓರೆ ಬಿಸಿಲಿಗೆ ಒಗ್ಗಿದ ಕಣ್ಣಿಗೆ ಇದು ಹೊಸ ಪಾಠಶಾಲೆ. ಇಂಥಲ್ಲಿ ಛಾಯಾಗ್ರಾಹಕನ ಕೈಯಲ್ಲಿ ಉಳಿಯುವ ಉಪಾಯಗಳು ಕೆಲವೇ: ಹೊತ್ತನ್ನು ಆರಿಸಿಕೊಳ್ಳುವುದು, ನಟರನ್ನು ಕಮಾನಿನ ಅಡಿ ಅಥವಾ ಪಡಸಾಲೆಯ ಅಂಚಿನಲ್ಲಿ ನಿಲ್ಲಿಸುವುದು, ನೆಲದಿಂದ ಪುಟಿದ ಬೆಳಕನ್ನು ಬಳಸುವುದು, ರಿಫ್ಲೆಕ್ಟರ್ ಹಿಡಿಸಿ ಸೂರ್ಯನನ್ನೇ ಎದುರಿಗೆ ತಂದುಕೊಳ್ಳುವುದು.

'ಪ್ರೇಮ್ ಸನ್ಯಾಸ್' ನೋಡಿದವರಿಗೆ ಈ ಹೆಣಗಾಟದ ಎರಡು ಮುಖಗಳೂ ಕಾಣುತ್ತವೆ. ಮೆರವಣಿಗೆ, ಜನಸಂದಣಿ, ಆನೆಗಳ ಸಾಲು ಬಂದಾಗ ಕ್ಯಾಮೆರಾ ಹಿಂದೆ ಸರಿದು ಬಿಸಿಲನ್ನು ಬಿಸಿಲಾಗಿಯೇ ಬಿಡುತ್ತದೆ. ಅವು ಇವತ್ತಿಗೂ ದಾಖಲೆ ಚಿತ್ರದಂತೆ ಗಟ್ಟಿಯಾಗಿವೆ. ಗೌತಮ ಮತ್ತು ಗೋಪೆಯ ಹತ್ತಿರ ಬಂದಾಗ ಬೆಳಕು ಮೆತ್ತಗಾಗುತ್ತದೆ, ಮುಖ ಹಿನ್ನೆಲೆಯಿಂದ ಬಿಡಿಸಿಕೊಂಡು ನಿಲ್ಲುತ್ತದೆ. ಎಲ್ಲ ಕಡೆ ಇದು ಸಾಧ್ಯವಾಗಿಲ್ಲ. ಹಲವು ಮಧ್ಯಮ ಚಿತ್ರಿಕೆಗಳಲ್ಲಿ ಹಿಮಾಂಶು ರಾಯ್ ಅವರ ಕಣ್ಣುಗಳು ನೆರಳಲ್ಲಿ ಮುಳುಗಿವೆ. ಆದರೆ ಹುಡುಕಾಟ ಯಾವ ದಿಕ್ಕಿನದು ಎಂಬುದು ಸ್ಪಷ್ಟ. ಬರ್ಲಿನ್ನಿನವರು ಕತ್ತಲೆ ಕೋಣೆಯೊಳಗೆ ಬೆಳಕನ್ನು ಕಟ್ಟುತ್ತಿದ್ದ ಹೊತ್ತಿನಲ್ಲಿ ವಿರ್ಶಿಂಗ್ ಬೆಳಕಿನ ಪ್ರವಾಹದ ನಡುವೆ ನಿಂತು ಅದನ್ನು ಪಳಗಿಸಲು ಕಲಿಯುತ್ತಿದ್ದರು. ಒಂದರಿಂದ ಇನ್ನೊಂದನ್ನು ಕಲಿತಂತೆ ಆಗುವುದಿಲ್ಲ.

ಇದರ ನಂತರ ರಾಯ್ ಮತ್ತು ಓಸ್ಟೆನ್ ಜೊತೆಗೂಡಿ ಮಾಡಿದ 'ಶಿರಾಜ್' (1928) ಮತ್ತು 'ಪ್ರಪಂಚ ಪಾಶ್' (1929) ಚಿತ್ರಗಳ ಕ್ಯಾಮೆರಾ ವಿರ್ಶಿಂಗ್ ಅವರದಲ್ಲ. ಎರಡರಲ್ಲೂ ಎಮಿಲ್ ಷೂನೆಮಾನ್ ಅವರ ಕೆಲಸವಿದೆ. ಮೂರನ್ನೂ ಒಂದೇ ಕಣ್ಣಿನ ಚಿತ್ರಗಳೆಂದು ಕೆಲವರು ಬರೆಯುವುದುಂಟು, ಅದು ಸರಿಯಲ್ಲ.

ವಿರ್ಶಿಂಗ್ ಮತ್ತೆ ಬಂದದ್ದು ಬಾಂಬೆ ಟಾಕೀಸ್‌ಗೆ. ಹಿಮಾಂಶು ರಾಯ್ ಮತ್ತು ದೇವಿಕಾ ರಾಣಿ 1934ರಲ್ಲಿ ಕಟ್ಟಿದ ಈ ಸ್ಟುಡಿಯೋ ಬೊಂಬಾಯಿಯ ಮಲಾಡಿನಲ್ಲಿ, ಎಫ್. ಇ. ದಿನ್‌ಶಾ ಅವರ ಬೇಸಿಗೆ ಬಂಗಲೆಯ ಆವರಣದಲ್ಲಿ ನಿಂತಿತು. ನಿರ್ದೇಶನಕ್ಕೆ ಓಸ್ಟೆನ್, ಕ್ಯಾಮೆರಾಕ್ಕೆ ವಿರ್ಶಿಂಗ್, ಸೆಟ್‌ಗೆ ಕಾರ್ಲ್ ಫಾನ್ ಸ್ಪ್ರೆಟಿ, ಲ್ಯಾಬಿಗೆ ವಿಲ್ಹೆಲ್ಮ್ ಜೋಲೆ. ಶಬ್ದಗ್ರಹಣಕ್ಕೆ ಇಂಗ್ಲೆಂಡಿನ ಲೆನ್ ಹಾರ್ಟ್ಲಿ. ಲ್ಯಾಬಿನ ವಿಷಯಕ್ಕೆ ಒತ್ತು ಕೊಡಬೇಕು. ಛಾಯಾಗ್ರಾಹಕ ಮತ್ತು ಲ್ಯಾಬಿನವರು ಒಂದೇ ಆವರಣದಲ್ಲಿ, ಒಂದೇ ಭಾಷೆ ಆಡುತ್ತ, ವರ್ಷಗಟ್ಟಲೆ ಒಟ್ಟಿಗೆ ಕೆಲಸ ಮಾಡಿದಾಗ ಬೂದುಬಣ್ಣದ ಹಂತಗಳ ಮೇಲೆ ಸಿಗುವ ಹಿಡಿತ ಬೇರೆಯದೇ. ಬಾಂಬೆ ಟಾಕೀಸ್ ಚಿತ್ರಗಳ ಮೃದುತನಕ್ಕೆ ಈ ಏರ್ಪಾಡಿನ ಪಾಲು ದೊಡ್ಡದು ಎಂದು ನನಗೆ ಅನಿಸುತ್ತದೆ.

1935ರ 'ಜವಾನಿ ಕಿ ಹವಾ'ದಿಂದ 1939ರ 'ಕಂಗನ್'ವರೆಗೆ ಓಸ್ಟೆನ್ ಮತ್ತು ವಿರ್ಶಿಂಗ್ ಸುಮಾರು ಹದಿನೈದು ಚಿತ್ರಗಳನ್ನು ಮಾಡಿದರು. ವರ್ಷಕ್ಕೆ ಮೂರು ಎಂದರೆ ನಿಂತು ಯೋಚಿಸಲು ಬಿಡುವು ಕೊಡದ ವೇಗ. ಮಾತಿನ ಚಿತ್ರಗಳ ಆ ಮೊದಲ ಕಾಲದಲ್ಲಿ ನಟರ ಮಾತನ್ನು ಸ್ಥಳದಲ್ಲೇ ಮುದ್ರಿಸಬೇಕಿತ್ತು. 'ಅಛೂತ್ ಕನ್ಯಾ'ದಲ್ಲಿ (1936) ಅಶೋಕ್ ಕುಮಾರ್ ಮತ್ತು ದೇವಿಕಾ ರಾಣಿ ತಮ್ಮ ಹಾಡುಗಳನ್ನು ಕ್ಯಾಮೆರಾದ ಎದುರೇ ಹಾಡಿದರು. ವಾದ್ಯದವರು ಚೌಕಟ್ಟಿನ ಆಚೆ, ಮೈಕು ನೆತ್ತಿಯ ಮೇಲೆ. ಮೈಕಿನ ನೆರಳು ಯಾರ ಮೇಲೂ ಬೀಳಬಾರದು, ಕ್ಯಾಮೆರಾದ ಸದ್ದು ಕೇಳಬಾರದು, ನಟರು ಮೈಕಿನ ಹರವು ದಾಟಬಾರದು. ಆ ಹಾಡುಗಳಲ್ಲಿ ಕ್ಯಾಮೆರಾ ಹೆಚ್ಚು ಅಲುಗಾಡದಿರುವುದನ್ನು ವಿಮರ್ಶಕರು ನಾಟಕದ ಗುಂಗು ಎಂದು ಕರೆದಿದ್ದಾರೆ. ಶಬ್ದಗ್ರಹಣದ ಕಟ್ಟುಪಾಡುಗಳನ್ನು ಲೆಕ್ಕಕ್ಕೆ ತೆಗೆದುಕೊಂಡರೆ ಆ ಟೀಕೆಯ ಬಿಸಿ ಇಳಿಯುತ್ತದೆ. ಚಲನೆಗೆ ಅವಕಾಶವಿಲ್ಲದ ಕಡೆ ಛಾಯಾಗ್ರಾಹಕ ಮಾಡಬಹುದಾದದ್ದು ಒಂದೇ, ಮುಖವನ್ನು ಬೆಳಗುವುದು. ವಿರ್ಶಿಂಗ್ ಅದನ್ನು ಮಾಡಿದರು.

ಆ ಮುಖ ಬಹುತೇಕ ದೇವಿಕಾ ರಾಣಿಯವರದು. ಬರ್ಲಿನ್ನಿನ ಊಫಾ ಸ್ಟುಡಿಯೋದಲ್ಲಿ ತರಬೇತಿ ಪಡೆದವರು ದೇವಿಕಾ ರಾಣಿ, ಅಲ್ಲಿಗೆ ಹೋಗಿಬಂದು ಕಲಿತವರು ಹಿಮಾಂಶು ರಾಯ್. ಬರ್ಲಿನ್ನಿನ ವಿದ್ಯೆ ಮಲಾಡಿಗೆ ಬಂದಿದ್ದರೆ ಅದರ ಒಂದು ದಾರಿ ಕ್ಯಾಮೆರಾದ ಮುಂದೆ ನಿಂತ ನಟಿಯ ಮೂಲಕವೂ ಇತ್ತು ಎಂಬುದನ್ನು ನಾವು ಮರೆತಿದ್ದೇವೆ. ಬೆಳಕು ಎಲ್ಲಿಂದ ಬರುತ್ತಿದೆ, ಗದ್ದವನ್ನು ಎಷ್ಟು ಎತ್ತಿದರೆ ಅದು ಕಣ್ಣಿಗೆ ತಾಗುತ್ತದೆ ಎಂದು ತಿಳಿದ ನಟಿ ಆಕೆ. ವಿರ್ಶಿಂಗ್ ಅವರ ಪದ್ಧತಿ ಚಿತ್ರದಿಂದ ಚಿತ್ರಕ್ಕೆ ಹೆಚ್ಚು ಬದಲಾಗುವುದಿಲ್ಲ: ಮುಖ್ಯ ದೀಪ ಕ್ಯಾಮೆರಾಕ್ಕೆ ಹತ್ತಿರವಾಗಿ, ತುಸು ಎತ್ತರದಲ್ಲಿ; ಹಿಂದಿನಿಂದ ಕೂದಲ ಅಂಚನ್ನು ಮುಟ್ಟುವ ಇನ್ನೊಂದು ದೀಪ; ಹಿನ್ನೆಲೆ ಒಂದೆರಡು ಹಂತ ಕೆಳಗೆ. ಕೆನ್ನೆಯ ನೆರಳು ಇದ್ದೂ ಇಲ್ಲದಂತೆ. ಭಾರತೀಯ ನಟಿಯೊಬ್ಬಳ ಮುಖಕ್ಕೆ ಇಷ್ಟು ಸಾವಧಾನವಾದ, ಇಷ್ಟು ಕ್ರಮಬದ್ಧವಾದ ಗಮನ ಕೊಟ್ಟ ಕ್ಯಾಮೆರಾ ಅದಕ್ಕೂ ಮುಂಚೆ ಕಡಿಮೆ. (ದೇವಿಕಾ ರಾಣಿ 1945ರಲ್ಲಿ ಚಿತ್ರಕಾರ ಸ್ವೆಟೊಸ್ಲಾವ್ ರೋರಿಕ್ ಅವರನ್ನು ಮದುವೆಯಾಗಿ, ಬೆಂಗಳೂರಿನ ಕನಕಪುರ ರಸ್ತೆಯ ತಾತಗುಣಿ ಎಸ್ಟೇಟಿನಲ್ಲಿ ದೀರ್ಘಕಾಲ ನೆಲೆಸಿ, 1994ರಲ್ಲಿ ಅದೇ ಊರಿನಲ್ಲಿ ತೀರಿಕೊಂಡರು. ಕನ್ನಡ ನಾಡಿನಲ್ಲಿ ಅವರನ್ನು ಎಸ್ಟೇಟಿನ ಒಡತಿಯಾಗಿ ಬಲ್ಲವರು ಹೆಚ್ಚು, ಆ ಮುಖ ಸಿನಿಮಾದ ಬೆಳಕಿಗೆ ಕಲಿಸಿದ್ದನ್ನು ಬಲ್ಲವರು ಕಡಿಮೆ.)

'ಅಛೂತ್ ಕನ್ಯಾ' ಈ ಪದ್ಧತಿಯ ಶಕ್ತಿಯನ್ನೂ ಮಿತಿಯನ್ನೂ ಒಟ್ಟಿಗೆ ತೋರಿಸುತ್ತದೆ. ರೈಲ್ವೆ ಗೇಟಿನ ಕಾವಲುಗಾರನ ಮಗಳು ಕಸ್ತೂರಿ ಅಸ್ಪೃಶ್ಯ ಜಾತಿಯವಳು, ಅವಳನ್ನು ಪ್ರೀತಿಸುವ ಪ್ರತಾಪ ಬ್ರಾಹ್ಮಣ. ಚಿತ್ರ ತೆರೆದುಕೊಳ್ಳುವುದು ರಾತ್ರಿಯಲ್ಲಿ. ಕಾರಿನಲ್ಲಿ ಬಂದ ದಂಪತಿ ಮುಚ್ಚಿದ ಗೇಟಿನ ಬಳಿ ನಿಲ್ಲುತ್ತಾರೆ, ಕಸ್ತೂರಿಯ ಸ್ಮಾರಕವನ್ನು ಕಾಣುತ್ತಾರೆ, ಮುದುಕನೊಬ್ಬ ಹಿಂದಿನ ಕಥೆಯನ್ನು ಹೇಳುತ್ತಾನೆ. 'ಪ್ರೇಮ್ ಸನ್ಯಾಸ್' ಆರಂಭವಾಗುವುದೂ ಹೀಗೆಯೇ: ಯೂರೋಪಿನ ಪ್ರವಾಸಿಗಳು ಬೋಧಿವೃಕ್ಷದ ಬಳಿ ಬರುತ್ತಾರೆ, ಮುದುಕನೊಬ್ಬ ಬುದ್ಧನ ಕಥೆ ಹೇಳುತ್ತಾನೆ. ಎರಡಕ್ಕೂ ಲೇಖಕರು ನಿರಂಜನ ಪಾಲ್ ಎಂಬುದರಿಂದ ಈ ಹೋಲಿಕೆ ಆಕಸ್ಮಿಕವಲ್ಲ. ಹನ್ನೊಂದು ವರ್ಷದ ಅಂತರದಲ್ಲಿ ಒಂದೇ ಛಾಯಾಗ್ರಾಹಕ ಒಂದೇ ಬಗೆಯ ಆರಂಭವನ್ನು ಎರಡು ಸಲ ಚಿತ್ರಿಸಿದ್ದಾರೆ, ಒಂದು ಸಲ ಹಗಲಿನಲ್ಲಿ, ಇನ್ನೊಂದು ಸಲ ಇರುಳಿನಲ್ಲಿ. ಹೊರಗಿನಿಂದ ಬಂದವರ ಕಣ್ಣಿನಿಂದ ಒಳಗಿನ ಕಥೆಯನ್ನು ನೋಡುವ ಈ ಕ್ರಮ ವಿರ್ಶಿಂಗ್ ಅವರ ಸ್ಥಾನಕ್ಕೇ ಹೊಂದುತ್ತಿತ್ತು.

ಇನ್ನು ಮಿತಿ. ಕಸ್ತೂರಿಯ ಮುಖದ ಮೇಲೆ ವಿರ್ಶಿಂಗ್ ಬೀಳಿಸಿದ್ದು ತಾರೆಯ ಬೆಳಕು. ಅವಳ ಮೈಬಣ್ಣ, ಸೀರೆಯ ಅಂಚು, ಹುಬ್ಬಿನ ತಿದ್ದುಪಡಿ ಎಲ್ಲವೂ ಆ ಬೆಳಕಿನಲ್ಲಿ ಹೊಳೆಯುತ್ತವೆ. ಅಸ್ಪೃಶ್ಯತೆಯನ್ನು ಪ್ರಶ್ನಿಸುವ ಚಿತ್ರ ಅಸ್ಪೃಶ್ಯರ ಬದುಕಿನ ಯಾವ ಗುರುತನ್ನೂ ನಾಯಕಿಯ ಮುಖದ ಮೇಲೆ ಉಳಿಸಿಲ್ಲ. ಹಳ್ಳಿಯ ಉಳಿದವರ ಮುಖಗಳಿಗೆ ಬಿದ್ದದ್ದು ಸಾಧಾರಣ ಬೆಳಕು, ಹಾಗಾಗಿ ಅವರು ಹಳ್ಳಿಯವರಾಗಿ ಕಾಣುತ್ತಾರೆ, ಕಸ್ತೂರಿ ಕಾಣುವುದಿಲ್ಲ. ಇದನ್ನು ಆ ಕಾಲದ ತಾರಾಪದ್ಧತಿಯ ಅನಿವಾರ್ಯ ಎಂದು ಬಿಟ್ಟುಬಿಡಲು ನನಗೆ ಮನಸ್ಸಿಲ್ಲ. ಬೆಳಕು ಚಿತ್ರದ ವಾದವನ್ನು ಒಂದು ಕಡೆ ಬಲಪಡಿಸಿದೆ, ಪ್ರೇಕ್ಷಕ ಕಸ್ತೂರಿಯ ಪರ ನಿಲ್ಲುವಂತೆ ಮಾಡಿದೆ. ಇನ್ನೊಂದು ಕಡೆ ಅದೇ ವಾದವನ್ನು ಟೊಳ್ಳುಮಾಡಿದೆ. ಹೊಳೆಯುವ ಮುಖಕ್ಕೆ ಮಾತ್ರ ಕರುಣೆ ಸಲ್ಲುತ್ತದೆ ಎಂಬ ಅರ್ಥ ಅದರಿಂದ ಹೊರಡುತ್ತದೆ. ಹಿಂದಿ ಸಿನಿಮಾ ಮುಂದೆ ಬಹುಕಾಲ ಈ ದಾರಿಯಲ್ಲೇ ನಡೆಯಿತು.

ವಿರ್ಶಿಂಗ್ ಅವರ ಇನ್ನೊಂದು ಕೆಲಸದ ಬಗ್ಗೆ ಇಲ್ಲಿಯೇ ಹೇಳಬೇಕು. ಸಿನಿಮಾ ಕ್ಯಾಮೆರಾದ ಜೊತೆಗೆ ಅವರ ಬಳಿ ಸ್ಟಿಲ್ ಕ್ಯಾಮೆರಾ ಸದಾ ಇರುತ್ತಿತ್ತು. ಸೆಟ್ಟಿನ ಕೆಲಸಗಾರರು, ದೀಪ ಹೊತ್ತವರು, ವಿರಾಮದಲ್ಲಿ ಕೂತ ನಟರು, ಪ್ರಸಾಧನದ ಕೋಣೆ, ಹೊರಾಂಗಣ ಚಿತ್ರೀಕರಣದ ಹಳ್ಳಿಗಳು ಎಲ್ಲವೂ ಅದರಲ್ಲಿ ದಾಖಲಾದವು. ಕುಟುಂಬದವರು ಕಾಪಾಡಿಕೊಂಡು ಬಂದ ಈ ಸಂಗ್ರಹ 2017ರಲ್ಲಿ ಗೋವಾದ ಸೆರೆಂಡಿಪಿಟಿ ಕಲಾ ಉತ್ಸವದಲ್ಲಿ ಪ್ರದರ್ಶನ ಕಂಡಿತು; ವಿದ್ವಾಂಸೆ ದೇಬಶ್ರೀ ಮುಖರ್ಜಿಯವರ ಸಂಪಾದಕತ್ವದಲ್ಲಿ ಪುಸ್ತಕವಾಗಿಯೂ ಬಂತು. ಸಂಶೋಧಕರಿಗೆ ಇದು ದೊಡ್ಡ ಉಪಕಾರ. ಬಾಂಬೆ ಟಾಕೀಸ್ ಚಿತ್ರಗಳನ್ನು ನಾವು ಇಂದು ನೋಡುವುದು ಪ್ರತಿಯ ಪ್ರತಿಯ ಪ್ರತಿಯಲ್ಲಿ. ಕಪ್ಪು ಬೂದಿಯಾಗಿರುತ್ತದೆ, ಬಿಳಿ ಸುಟ್ಟಿರುತ್ತದೆ, ನಡುವಿನ ಹಂತಗಳು ಅಳಿಸಿರುತ್ತವೆ. ಅಂಥ ಪ್ರತಿಯನ್ನು ನೋಡಿ 'ಗಾಢ ನೆರಳು' ಎಂದು ಬರೆದರೆ ಛಾಯಾಗ್ರಾಹಕನ ಆಯ್ಕೆಯನ್ನು ವರ್ಣಿಸುತ್ತಿದ್ದೇವೋ ಸವೆದ ನೆಗೆಟಿವ್ ಅನ್ನು ವರ್ಣಿಸುತ್ತಿದ್ದೇವೋ ಹೇಳುವುದು ಕಷ್ಟ. ಸ್ಟಿಲ್‌ಗಳಲ್ಲಿ ಆ ನಡುವಿನ ಹಂತಗಳು ಉಳಿದಿವೆ. ಒಂದು ಎಚ್ಚರಿಕೆ ಅಗತ್ಯ: ಸ್ಟಿಲ್ ಎಂದರೆ ಚಿತ್ರದ ಫ್ರೇಮ್ ಅಲ್ಲ, ಅದರ ಮಸೂರ ಬೇರೆ, ನಿಂತ ಜಾಗ ಬೇರೆ. ಆದರೆ ಆ ಛಾಯಾಚಿತ್ರಗಳಲ್ಲಿ ಕೆಲಸಗಾರರ ಮುಖಗಳ ಬಗ್ಗೆ ಕಾಣುವ ಕುತೂಹಲ, ಸಹಜ ಬೆಳಕಿನ ಬಗ್ಗೆ ಕಾಣುವ ನಂಬಿಕೆ ನನ್ನ ವಾದಕ್ಕೆ ಬಲ ಕೊಡುತ್ತವೆ. ಗಮನಿಸಿ, ಕಸ್ತೂರಿಗೆ ಸಿನಿಮಾದಲ್ಲಿ ಸಿಗದ ಸಾಧಾರಣ ಬಿಸಿಲು ಈ ಸ್ಟಿಲ್‌ಗಳಲ್ಲಿ ಹೊರಾಂಗಣದ ಜನರಿಗೆ ಧಾರಾಳವಾಗಿ ಸಿಕ್ಕಿದೆ.

1939ರ ಸೆಪ್ಟೆಂಬರಿನಲ್ಲಿ ಯುದ್ಧ ಶುರುವಾದಾಗ ಸ್ಟುಡಿಯೋದ ಜರ್ಮನರನ್ನು ಬ್ರಿಟಿಷ್ ಸರ್ಕಾರ ಬಂಧಿಸಿತು. 1936ರಲ್ಲಿ ನಾಜಿ ಪಕ್ಷ ಸೇರಿದ್ದ ಓಸ್ಟೆನ್ ಕೆಲಕಾಲದ ಬಳಿಕ ಜರ್ಮನಿಗೆ ಮರಳಿದರು. ವಿರ್ಶಿಂಗ್ ಯುದ್ಧ ಮುಗಿಯುವವರೆಗೂ ಹಿಂದುಸ್ತಾನದ ಶಿಬಿರಗಳಲ್ಲೇ ಉಳಿದರು. 1940ರ ಮೇ ತಿಂಗಳಲ್ಲಿ ಹಿಮಾಂಶು ರಾಯ್ ತೀರಿಕೊಂಡರು. 1943ರ 'ಕಿಸ್ಮತ್' ಬಾಂಬೆ ಟಾಕೀಸ್‌ಗೆ ದೊಡ್ಡ ಗೆಲುವು ತಂದಾಗ ಅದರ ಕ್ಯಾಮೆರಾ ಆರ್. ಡಿ. ಪರೀಂಜಾ ಅವರದು. ಮೂವತ್ತಾರರಿಂದ ನಲವತ್ತೆರಡರವರೆಗಿನ ವಯಸ್ಸು ಛಾಯಾಗ್ರಾಹಕನಿಗೆ ಕಸುಬು ಮಾಗುವ ಕಾಲ; ವಿರ್ಶಿಂಗ್ ಅವರಿಂದ ಅದು ಪೂರ್ತಿ ಕಿತ್ತುಹೋಯಿತು. ಬಿಡುಗಡೆಯ ಬಳಿಕ ಅವರು ತಾಯ್ನಾಡಿಗೆ ಹೋಗಿ ನೆಲೆಸದೆ ಬೊಂಬಾಯಿಯಲ್ಲೇ ಕೆಲಸಕ್ಕೆ ನಿಂತರು.

ಹಾಗೆ ಬಂದದ್ದು 'ಮಹಲ್'. ಕಮಾಲ್ ಅಮ್ರೋಹಿ ಅವರ ಮೊದಲ ನಿರ್ದೇಶನ, ಅಶೋಕ್ ಕುಮಾರ್ ಮತ್ತು ಮಧುಬಾಲಾ ನಟನೆ, ಖೇಮ್‌ಚಂದ್ ಪ್ರಕಾಶ್ ಸಂಗೀತ, ಬಿಮಲ್ ರಾಯ್ ಸಂಕಲನ. ಪಾಳುಬಿದ್ದ ಮಹಲಿಗೆ ಹೊಸ ಒಡೆಯನಾಗಿ ಬಂದ ಹರಿಶಂಕರ ಅಲ್ಲಿ ತನ್ನನ್ನೇ ಹೋಲುವ ಭಾವಚಿತ್ರವೊಂದನ್ನು ನೋಡುತ್ತಾನೆ. ಗಡಿಯಾರ ಎರಡು ಹೊಡೆದಾಗ ಹಾಡು ಕೇಳುತ್ತದೆ, ಹೆಣ್ಣೊಬ್ಬಳು ಕಾಣಿಸುತ್ತಾಳೆ, ಹತ್ತಿರ ಹೋದರೆ ಇಲ್ಲ. ಇಲ್ಲಿ ನೆರಳು ಇದೆ, ಧಾರಾಳವಾಗಿಯೇ ಇದೆ. ಆದರೆ ಅದು ಎಂಥ ನೆರಳು? 'ಕ್ಯಾಲಿಗರಿ'ಯಲ್ಲಿ ಲೋಕವೇ ಸೊಟ್ಟ: ಗೋಡೆ, ಕಿಟಕಿ, ಬೀದಿ ಎಲ್ಲ ವಾರೆಯಾಗಿ ಹುಚ್ಚನ ಮನಸ್ಸನ್ನು ಹೊರಗೆ ಹಾಕುತ್ತವೆ. 'ಮಹಲ್'ನ ಕಟ್ಟಡ ಸೊಟ್ಟಗಿಲ್ಲ. ಕಂಬ ನೆಟ್ಟಗಿದೆ, ಮೆಟ್ಟಿಲು ಮೆಟ್ಟಿಲಿನಂತಿದೆ, ಪರದೆ ಪರದೆಯಂತೆ ತೂಗುತ್ತದೆ. ಬೆಳಕಿಗೆ ಕಥೆಯೊಳಗೇ ಕಾರಣವಿದೆ: ಲಾಂದ್ರ, ತೂಗುದೀಪ, ಕಿಟಕಿಯಿಂದ ಬಂದ ಬೆಳದಿಂಗಳು. ಆ ಬೆಳಕು ತಲುಪದ ಜಾಗವನ್ನು ವಿರ್ಶಿಂಗ್ ಕಪ್ಪಾಗಿ ಬಿಟ್ಟಿದ್ದಾರೆ. ನಮ್ಮ ಹಳೆಯ ಮನೆಗಳಲ್ಲಿ ವಿದ್ಯುತ್ ಹೋದ ರಾತ್ರಿ ಒಂದೇ ದೀಪ ಹಿಡಿದು ನಡುಮನೆ ದಾಟಿದವರಿಗೆ ಈ ಕತ್ತಲೆ ಗೊತ್ತು.

ಇನ್ನೊಂದು ವ್ಯತ್ಯಾಸ ಇದಕ್ಕಿಂತ ಮುಖ್ಯ. 'ಮಹಲ್'ನಲ್ಲಿ ಅಶೋಕ್ ಕುಮಾರ್ ಅವರ ಮುಖವನ್ನು ಬೆಳಕು ಮತ್ತೆ ಮತ್ತೆ ಎರಡಾಗಿ ಸೀಳುತ್ತದೆ. ಒಂದು ಕೆನ್ನೆ ಕಾಣುತ್ತದೆ, ಇನ್ನೊಂದು ಇಲ್ಲ. ಹರಿಶಂಕರನ ಮನಸ್ಸು ಎರಡು ಜನ್ಮಗಳ ನಡುವೆ ಸಿಕ್ಕಿಬಿದ್ದಿದೆ. ಮಧುಬಾಲಾ ಅವರ ಮುಖವನ್ನು ಅದು ಹಾಗೆ ಸೀಳುವುದಿಲ್ಲ. ಉಯ್ಯಾಲೆಯ ಮೇಲೆ ಅವಳು ಕಂಡಾಗ, ಹತ್ತಿರದ ಚಿತ್ರಿಕೆಗಳಲ್ಲಿ ನಿಂತಾಗ, ಬೆಳಕು ಎದುರಿನಿಂದ, ಮೆತ್ತಗೆ, ಕೂದಲ ಅಂಚನ್ನು ಬಿಡಿಸುತ್ತ ಬರುತ್ತದೆ. ಇದು 1936ರ ಕಸ್ತೂರಿಯ ಮುಖದ ಬೆಳಕೇ. ಅಂದರೆ ವಿರ್ಶಿಂಗ್ ಹೊಸ ಶೈಲಿಯೊಂದನ್ನು ಹೊರಗಿನಿಂದ ತಂದು ಹೊದಿಸಲಿಲ್ಲ. ತಮ್ಮ ಹಳೆಯ ಮುಖಬೆಳಕನ್ನು ಹಾಗೆಯೇ ಇಟ್ಟುಕೊಂಡು, ಅದರ ಸುತ್ತಲಿನ ದೀಪಗಳನ್ನು ಆರಿಸಿದರು. ದೆವ್ವ ಎಂದು ನಾವು ನಂಬಬೇಕಾದ ಹೆಣ್ಣು ಇಡೀ ಚಿತ್ರದಲ್ಲಿ ಅತ್ಯಂತ ಸ್ಪಷ್ಟವಾಗಿ ಕಾಣುವ ಮುಖವಾದದ್ದು ಹೀಗೆ. ಅವಳು ದೆವ್ವವಲ್ಲ ಎಂಬ ಕಥೆಯ ಗುಟ್ಟನ್ನು ಬೆಳಕು ಮೊದಲೇ ಹೇಳಿಬಿಟ್ಟಿದೆ. ಈ ಆಯ್ಕೆಯಲ್ಲಿ ಅಮ್ರೋಹಿಯವರ ಪಾಲು ಎಷ್ಟೇ ಇರಲಿ, ಅದನ್ನು ಪರದೆಯ ಮೇಲೆ ತಂದ ಕೈ ಹದಿಮೂರು ವರ್ಷ ಹಿಂದೆಯೇ ಆ ಬೆಳಕನ್ನು ರೂಢಿಸಿಕೊಂಡಿತ್ತು.

ಅಮ್ರೋಹಿಯವರ ಜೊತೆಗಿನ ನಂಟು ಕೊನೆಯವರೆಗೂ ಉಳಿಯಿತು. ಅವರ ನಿರ್ಮಾಣದಲ್ಲಿ ಕಿಶೋರ್ ಸಾಹು ನಿರ್ದೇಶಿಸಿದ 'ದಿಲ್ ಅಪ್ನಾ ಔರ್ ಪ್ರೀತ್ ಪರಾಯಿ' (1960) ಆಸ್ಪತ್ರೆಯ ಕಥೆ, ಮೀನಾ ಕುಮಾರಿ ನರ್ಸ್. ಬಿಳಿ ಸಮವಸ್ತ್ರ, ಬಿಳಿ ಗೋಡೆ, ಬಿಳಿ ಹಾಸಿಗೆ. 'ಮಹಲ್' ಮಾಡಿದ ಕೈಯೇ ಇಲ್ಲಿ ಬಿಳಿಯ ಮೇಲೆ ಬಿಳಿಯನ್ನು ಬಿಡಿಸುತ್ತದೆ. ಎಕ್ಸ್‌ಪ್ರೆಷನಿಸ್ಟ್ ಎಂಬ ಹಣೆಪಟ್ಟಿ ಹಚ್ಚುವವರು ಈ ಚಿತ್ರವನ್ನು ಎತ್ತಿ ಮಾತಾಡುವುದೇ ಇಲ್ಲ.

ಅಮ್ರೋಹಿಯವರೇ ನಿರ್ದೇಶಿಸಿದ 'ಪಾಕೀಝಾ' 1950ರ ದಶಕದ ನಡುವೆ ಕಪ್ಪು ಬಿಳುಪಿನಲ್ಲಿ ಶುರುವಾಯಿತು. ಆಮೇಲೆ ಬಣ್ಣ ಬಂತು, ಸಿನಿಮಾಸ್ಕೋಪ್ ಬಂತು, ತೆಗೆದಿದ್ದನ್ನು ಬಿಟ್ಟು ಮತ್ತೆ ತೆಗೆಯಬೇಕಾಯಿತು. ಅಮ್ರೋಹಿ ಮತ್ತು ಮೀನಾ ಕುಮಾರಿ ದಂಪತಿ ಬೇರೆಯಾದ ಮೇಲೆ 1964ರಲ್ಲಿ ಕೆಲಸ ನಿಂತಿತು. ನಿಂತಿದ್ದಾಗಲೇ, 1967ರ ಜೂನ್‌ನಲ್ಲಿ, ವಿರ್ಶಿಂಗ್ ಬೊಂಬಾಯಿಯಲ್ಲಿ ತೀರಿಕೊಂಡರು. 1969ರಲ್ಲಿ ಚಿತ್ರೀಕರಣ ಮತ್ತೆ ಶುರುವಾಗಿ, 1972ರ ಫೆಬ್ರವರಿ 4ರಂದು ಚಿತ್ರ ತೆರೆಕಂಡಿತು. ವಿರ್ಶಿಂಗ್ ಮುಗಿಸಿದ ಭಾಗಗಳಲ್ಲಿ ಕೋಠಾಗಳ, ಅಂದರೆ ನರ್ತಕಿಯರ ಮನೆಗಳ, ಬೀದಿಯ ಹಾಡು ನನಗೆ ಅವರ ಇಡೀ ಬದುಕಿನ ಕೆಲಸದ ಕೂಡುಹಾದಿ ಎಂದು ತೋರುತ್ತದೆ. ಮುಂದೆ ನಾಯಕಿ ಸಾಹಿಬ್‌ಜಾನ್ (ಮೀನಾ ಕುಮಾರಿ) ಕುಣಿಯುತ್ತಾಳೆ, ಹಿಂದೆ ಆಳದವರೆಗೂ ಮಹಡಿಗಳು, ಒಂದೊಂದು ಮಹಡಿಯಲ್ಲೂ ಕುಣಿಯುವ ಇನ್ನೊಬ್ಬ ಹೆಣ್ಣು. ಸ್ಕೋಪ್ ಚೌಕಟ್ಟಿನ ಅಗಲವನ್ನು ವಿರ್ಶಿಂಗ್ ಬರಿಯ ವೈಭವಕ್ಕೆ ಬಳಸಲಿಲ್ಲ. ಇವಳು ಒಬ್ಬಳಲ್ಲ, ಇಂಥ ಮುಖಗಳು ಬೀದಿ ತುಂಬ ಇವೆ ಎಂದು ಹೇಳಲು ಬಳಸಿದರು. ಜೈಪುರದ ಮೆರವಣಿಗೆಯ ದೂರನೋಟ ಮತ್ತು ಬಾಂಬೆ ಟಾಕೀಸ್‌ನ ಹತ್ತಿರದ ಮುಖಬೆಳಕು ಎರಡೂ ಒಂದೇ ಚೌಕಟ್ಟಿನಲ್ಲಿ ಕೂಡಿವೆ. 'ಅಛೂತ್ ಕನ್ಯಾ'ದಲ್ಲಿ ನಾಯಕಿಗೆ ಮಾತ್ರ ಸಲ್ಲುತ್ತಿದ್ದ ಬೆಳಕು ಇಲ್ಲಿ ಹಿಂದಿನ ಹೆಂಗಸರಿಗೂ ಸಂದಿದೆ.

ಉಳಿದ ಭಾಗಗಳನ್ನು ಬೊಂಬಾಯಿಯ ಹಲವು ಛಾಯಾಗ್ರಾಹಕರು ಸೇರಿ ಮುಗಿಸಿದರು. ಅವರಲ್ಲಿ ಮೈಸೂರಿನಲ್ಲಿ 1923ರಲ್ಲಿ ಹುಟ್ಟಿ, ಬೆಂಗಳೂರಿನ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು, ಗುರುದತ್ ಅವರ ಕ್ಯಾಮೆರಾ ಹಿಡಿದ ವಿ. ಕೆ. ಮೂರ್ತಿಯವರೂ ಒಬ್ಬರು. ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ 'ಕಾಗಜ್ ಕೆ ಫೂಲ್' (1959) ಅವರದೇ ಕೆಲಸ. ಅದರ ಪ್ರಸಿದ್ಧ ಹಾಡಿನಲ್ಲಿ ಕನ್ನಡಿಗಳಿಂದ ಬಿಸಿಲನ್ನು ಸ್ಟುಡಿಯೋದೊಳಗೆ ತಿರುಗಿಸಿ ಬೆಳಕಿನ ಕೋಲನ್ನು ಮಾಡಿದವರೂ ಅವರೇ. ಮೂರ್ತಿಯವರು ವಿರ್ಶಿಂಗ್ ಅವರ ಶಿಷ್ಯರಲ್ಲ, ಅವರದು ಬೇರೆ ಪರಂಪರೆ. ಆದರೂ ತಮ್ಮ ಗುರುತನ್ನು ಬದಿಗಿಟ್ಟು, ತೀರಿಹೋದ ಹಿರಿಯನ ಬೆಳಕಿಗೆ ತಮ್ಮ ಬೆಳಕನ್ನು ಹೊಂದಿಸುವ ಕೆಲಸಕ್ಕೆ ಅವರೂ ಇತರರೂ ಒಪ್ಪಿದರು. ಅಷ್ಟು ದೊಡ್ಡ ಹೆಸರಿನವರು ಹಾಗೆ ಒಪ್ಪುವುದು ಯಾವ ಚಿತ್ರರಂಗದಲ್ಲೂ ಅಪರೂಪ. ಛಾಯಾಗ್ರಾಹಕನ ಹೆಸರಾಗಿ ಚಿತ್ರ ಹೊತ್ತದ್ದು ಯೋಸೆಫ್ ವಿರ್ಶಿಂಗ್ ಹೆಸರನ್ನೇ.

ಹೊಂದಿಕೆ ಎಷ್ಟು ಚೆನ್ನಾಗಿದೆ ಎಂದರೆ ಬೆಳಕನ್ನು ನೋಡಿ ಹಿಂದಿನ ಭಾಗ ಯಾವುದು, ಮುಂದಿನದು ಯಾವುದು ಎಂದು ಬೇರ್ಪಡಿಸುವುದು ಸುಲಭವಲ್ಲ. ಬೇರ್ಪಡಿಸುವುದು ಮೀನಾ ಕುಮಾರಿಯವರ ಮುಖದಿಂದ. 1969ರ ಹೊತ್ತಿಗೆ ಆಕೆ ಕಾಯಿಲೆಯಿಂದ ಬಹಳ ಕುಗ್ಗಿದ್ದರು. ಕೊನೆಯ ಕುಣಿತದಲ್ಲಿ, ಒಡೆದ ಗಾಜಿನ ಮೇಲೆ ಹೆಜ್ಜೆ ಹಾಕಿ ಬಿಳಿ ಹಾಸಿನ ಮೇಲೆ ರಕ್ತದ ಗುರುತು ಬಿಡುವ ದೃಶ್ಯದಲ್ಲಿ, ಕಷ್ಟದ ನೃತ್ಯವನ್ನು ಮುಸುಕಿನೊಳಗೆ ಪದ್ಮಾ ಖನ್ನಾ ಮಾಡಿದರು. ಕ್ಯಾಮೆರಾ ದೂರ ನಿಲ್ಲುತ್ತದೆ, ಪಾದಗಳನ್ನು ನೋಡುತ್ತದೆ, ಮುಸುಕಿನ ಹೊರಗೇ ಉಳಿಯುತ್ತದೆ. ದೀಪಗಳ ಜಾಗ, ಬಣ್ಣದ ಹದ, ಹಿನ್ನೆಲೆಯ ಆಳ ಎಲ್ಲವನ್ನೂ ಉತ್ತರಾಧಿಕಾರಿಗಳು ಉಳಿಸಿಕೊಂಡರು. ವಿರ್ಶಿಂಗ್ ನಲವತ್ತು ವರ್ಷ ಯಾವುದರ ಹತ್ತಿರ ದೀಪ ಹಿಡಿದು ಹೋಗುತ್ತಿದ್ದರೋ ಆ ಮುಖದ ಹತ್ತಿರ ಹೋಗಲು ಮಾತ್ರ ಅವರಿಗೆ ಆಗಲಿಲ್ಲ.